ಫೋನ್ ಸೈಲೆಂಟ್ ಮಾಡಬೇಡಿ, ಆಪ್ ಸೈಲೆಂಟ್ ಮಾಡಿ: ನೋಟಿಫಿಕೇಶನ್ ಕಾಟ ತಪ್ಪಿಸುವ ಸಮಗ್ರ ಮಾರ್ಗದರ್ಶಿ

ನೋಟಿಫಿಕೇಶನ್ ಕಾಟ ತಡೆಯಲಾರದೆ ಎಷ್ಟೋ ಜನ ಫೋನನ್ನೇ ಸೈಲೆಂಟ್‌ಗೆ ಹಾಕಿಬಿಡುತ್ತಾರೆ. ಅದೇ ದಿನ ಸ್ಕೂಲಿನಿಂದಲೋ ಆಸ್ಪತ್ರೆಯಿಂದಲೋ ಬಂದ ಕರೆ ತಪ್ಪಿಹೋಗುತ್ತದೆ. ಗಾಬರಿಯಾಗಿ ಸೈಲೆಂಟ್ ತೆಗೆಯುತ್ತಾರೆ. ಮತ್ತೆ ಅದೇ ಟಿಂಗ್ ಟಿಂಗ್ ಶುರು. ಇನ್ನು ಕೆಲವರು ಸಿಟ್ಟಿಗೆ ಎಲ್ಲ ಆಪ್‌ಗಳ ನೋಟಿಫಿಕೇಶನ್ ಆಫ್ ಮಾಡುತ್ತಾರೆ. ಬ್ಯಾಂಕಿನಿಂದ ಹಣ ಕಡಿತವಾದದ್ದು ಗೊತ್ತಾಗುವುದು ಆಮೇಲೆ ಯಾವಾಗಲೋ.

ಎರಡರಲ್ಲೂ ತಪ್ಪು ಒಂದೇ. ಗಲಾಟೆ ಮಾಡುವುದು ಕೆಲವೇ ಆಪ್‌ಗಳು, ಅವುಗಳಲ್ಲೂ ಕೆಲವೇ ಬಗೆಯ ಸಂದೇಶಗಳು. ಅವನ್ನಷ್ಟೇ ಸುಮ್ಮನಾಗಿಸಬೇಕು. ಹಾಗೆ ಮಾಡಿದರೆ ರಿಂಗ್‌ಟೋನ್ ಜೋರಾಗಿಯೇ ಇರಬಹುದು, ಫೋನ್ ಮಾತ್ರ ಸುಮ್ಮನಿರುತ್ತದೆ.

ಮುಖ್ಯವಾಗಿ ಆಂಡ್ರಾಯ್ಡ್ ಫೋನ್‌ಗಾಗಿ ಇದನ್ನು ಬರೆದಿದ್ದೇನೆ. ಐಫೋನ್ ಇದ್ದವರಿಗೆ ಕೊನೆಯ ಹತ್ತಿರ ಒಂದು ಭಾಗವಿದೆ. ಹಂತಗಳ ಕ್ರಮ ಬದಲಿಸಬೇಡಿ. ಎಲ್ಲರೂ ಮೊದಲು ಮುಟ್ಟುವುದು ಡು ನಾಟ್ ಡಿಸ್ಟರ್ಬ್, ಅಂದರೆ ನೀವು ಆರಿಸಿದವನ್ನು ಬಿಟ್ಟು ಉಳಿದೆಲ್ಲ ಸದ್ದು ನಿಲ್ಲಿಸುವ ಸೌಲಭ್ಯ. ಅದು ಇಲ್ಲಿ ಏಳನೇ ಹಂತದಲ್ಲಿ ಬರುತ್ತದೆ, ಮತ್ತು ಅದಕ್ಕೆ ಕಾರಣವಿದೆ.

## ಶುರು ಮಾಡುವ ಮೊದಲು

ಒಂದು ಹಾಳೆ, ಪೆನ್ನು, ಯಾರೂ ಕರೆಯದ ಅರ್ಧ ಗಂಟೆ. ಕೊನೆಯಲ್ಲಿ ಪರೀಕ್ಷೆ ಮಾಡಲು ಮನೆಯವರ ಇನ್ನೊಂದು ಫೋನ್. ಹೊಸ ಆಪ್ ಯಾವುದನ್ನೂ ಹಾಕಿಕೊಳ್ಳಬೇಕಿಲ್ಲ. "ನೋಟಿಫಿಕೇಶನ್ ಕ್ಲೀನರ್" ಎಂಬ ಹೆಸರಿನ ಆಪ್‌ಗಳು ನಿಮ್ಮ ಎಲ್ಲ ಸಂದೇಶಗಳನ್ನು ಓದುವ ಅನುಮತಿ ಕೇಳುತ್ತವೆ. ಆ ಸಂದೇಶಗಳಲ್ಲಿ ಓಟಿಪಿಯೂ ಇರುತ್ತದೆ. ದಯವಿಟ್ಟು ಅವನ್ನು ಹಾಕಿಕೊಳ್ಳಬೇಡಿ.

ಸೆಟ್ಟಿಂಗ್ಸ್‌ನಲ್ಲಿ "ಅಬೌಟ್ ಫೋನ್" ತೆರೆದು ಆಂಡ್ರಾಯ್ಡ್ ಎಷ್ಟನೆಯದು ಎಂದು ನೋಡಿಕೊಳ್ಳಿ. 11 ಅಥವಾ ಅದಕ್ಕಿಂತ ಹೊಸದಾದರೆ ಕೆಳಗಿನ ಹೆಚ್ಚಿನ ಹಂತಗಳು ನಡೆಯುತ್ತವೆ. ಸ್ಯಾಮ್‌ಸಂಗ್, ರೆಡ್ಮಿ, ವಿವೋ, ರಿಯಲ್‌ಮಿ ಎಲ್ಲದರಲ್ಲೂ ಮೆನು ಬೇರೆ ಬೇರೆ ಜಾಗದಲ್ಲಿರುತ್ತದೆ. ಒಂದು ಹೆಸರು ಸಿಗದಿದ್ದರೆ ಸೆಟ್ಟಿಂಗ್ಸ್‌ನ ಮೇಲಿರುವ ಹುಡುಕುವ ಜಾಗದಲ್ಲಿ ಅದನ್ನು ಟೈಪ್ ಮಾಡಿ. ಫೋನ್ ಭಾಷೆ ಕನ್ನಡಕ್ಕೆ ಇಟ್ಟವರಿಗೆ ನೋಟಿಫಿಕೇಶನ್ಸ್ ಎಂಬುದು "ಅಧಿಸೂಚನೆಗಳು" ಎಂದು ಕಾಣುತ್ತದೆ.

## ಹಂತ 1: ಯಾವುದು ತಪ್ಪಲೇಬಾರದು ಎಂದು ಬರೆಯಿರಿ

ಫೋನ್ ಕೆಳಗಿಟ್ಟು ಹಾಳೆ ತೆಗೆದುಕೊಳ್ಳಿ. ಯಾರ ಕರೆ ನಡುರಾತ್ರಿಯಲ್ಲೂ ಕೇಳಬೇಕು? ಅಪ್ಪ, ಅಮ್ಮ, ಹೆಂಡತಿ ಅಥವಾ ಗಂಡ, ಪಕ್ಕದ ಮನೆಯವರು, ಹೀಗೆ. ಯಾವ ಸಂದೇಶ ಬಂದ ಕೂಡಲೇ ಸದ್ದಾಗಬೇಕು? ಬ್ಯಾಂಕ್ ಕಡಿತ, ಓಟಿಪಿ, ಮಗುವಿನ ಸ್ಕೂಲ್ ವ್ಯಾನ್, ಕೆಲಸದ ಒಂದೋ ಎರಡೋ ಗುಂಪು.

ಪಟ್ಟಿ ಹತ್ತು ಸಾಲು ದಾಟಿದರೆ ಮತ್ತೊಮ್ಮೆ ನೋಡಿ. "ಇದು ಒಂದು ಗಂಟೆ ತಡವಾಗಿ ಗೊತ್ತಾದರೆ ಏನಾದರೂ ಹಾಳಾಗುತ್ತದೆಯೇ?" ಎಂದು ಕೇಳಿಕೊಳ್ಳಿ. ಹಾಳಾಗುವುದಿಲ್ಲ ಎನ್ನುವುದಾದರೆ ಹೊಡೆದುಹಾಕಿ. ಆಫರ್, ಕ್ರಿಕೆಟ್ ಸ್ಕೋರ್, ಮದುವೆ ಫೋಟೋಗೆ ಬಿದ್ದ ಲೈಕ್ ಯಾವುದೂ ಈ ಪಟ್ಟಿಗೆ ಬರುವುದಿಲ್ಲ.

ಇದು ಸುಮ್ನೆ ಕಾಲಹರಣ ಅನ್ನಿಸಬಹುದು. ಆದರೆ ಈ ಹಂತ ಬಿಟ್ಟವರೇ ಆಮೇಲೆ ಕೈಗೆ ಸಿಕ್ಕಿದ್ದನ್ನೆಲ್ಲ ಆಫ್ ಮಾಡುತ್ತಾರೆ.

## ಹಂತ 2: ಗಲಾಟೆ ಎಲ್ಲಿಂದ ಬರುತ್ತಿದೆ ಎಂದು ಪತ್ತೆ ಮಾಡಿ

ನಮ್ಮ ಊಹೆ ಇಲ್ಲಿ ಬಹಳ ಸಲ ತಪ್ಪಾಗುತ್ತದೆ. ವಾಟ್ಸಾಪ್ ಅಂದುಕೊಂಡಿರುತ್ತೇವೆ, ನಿಜವಾಗಿ ಕಾಡುತ್ತಿರುವುದು ಒಂದು ಶಾಪಿಂಗ್ ಆಪ್ ಆಗಿರುತ್ತದೆ.

ಸೆಟ್ಟಿಂಗ್ಸ್‌ನಲ್ಲಿ "ಡಿಜಿಟಲ್ ವೆಲ್‌ಬೀಯಿಂಗ್" ತೆರೆಯಿರಿ. ಅದರ ಡ್ಯಾಶ್‌ಬೋರ್ಡ್‌ನಲ್ಲಿ ಸ್ಕ್ರೀನ್ ಟೈಮ್ ಬದಲು "ನೋಟಿಫಿಕೇಶನ್ಸ್ ರಿಸೀವ್ಡ್" ಆಯ್ದುಕೊಂಡರೆ ಯಾವ ಆಪ್‌ನಿಂದ ಎಷ್ಟು ಬಂದಿದೆ ಎಂಬ ಲೆಕ್ಕ ಸಿಗುತ್ತದೆ. ಮೇಲಿನ ಐದು ಹೆಸರುಗಳನ್ನು ಬರೆದುಕೊಳ್ಳಿ. ಮೊದಲು ಕೈ ಹಾಕಬೇಕಾದದ್ದು ಇವಕ್ಕೇ.

ಜೊತೆಗೆ ಸೆಟ್ಟಿಂಗ್ಸ್ > ನೋಟಿಫಿಕೇಶನ್ಸ್ > "ನೋಟಿಫಿಕೇಶನ್ ಹಿಸ್ಟರಿ" ಆನ್ ಮಾಡಿ. ಸ್ಯಾಮ್‌ಸಂಗ್‌ನಲ್ಲಿ ಇದು "ಅಡ್ವಾನ್ಸ್ಡ್ ಸೆಟ್ಟಿಂಗ್ಸ್" ಒಳಗಿದೆ. ಕಳೆದ 24 ಗಂಟೆಯಲ್ಲಿ ಬಂದದ್ದನ್ನು ಇದು ತೋರಿಸುತ್ತದೆ. ನೀವು ಕೈತಪ್ಪಿ ಒರೆಸಿಹಾಕಿದ್ದು ಕೂಡ ಸಿಗುತ್ತದೆ. ಆದರೆ ಆನ್ ಮಾಡಿದ ಮೇಲಿನದ್ದು ಮಾತ್ರ ದಾಖಲಾಗುತ್ತದೆ, ಹಾಗಾಗಿ ಒಂದು ದಿನ ಹಾಗೇ ಬಿಟ್ಟು ನಂತರ ಮೂರನೇ ಹಂತಕ್ಕೆ ಹೋದರೆ ಒಳ್ಳೆಯದು. ಎಲ್ಲ ಫೋನ್‌ಗಳಲ್ಲೂ ಈ ಸೌಲಭ್ಯ ಇರುವುದಿಲ್ಲ. ಇಲ್ಲದಿದ್ದರೆ ಒಂದು ದಿನ ಯಾವುದನ್ನೂ ಒರೆಸದೆ ಬಿಟ್ಟು, ಸಂಜೆ ಪರದೆ ಕೆಳಗೆಳೆದು ನೋಡಿ.

## ಹಂತ 3: ಆಪ್ ಒಳಗಿನ ಕೆಟಗರಿ ಹಿಡಿದು ಸೈಲೆಂಟ್ ಮಾಡಿ

ಇಡೀ ಕೆಲಸದ ತಿರುಳು ಇದು. ನಿಧಾನವಾಗಿ ಮಾಡಿ.

2017ರಲ್ಲಿ ಬಂದ ಆಂಡ್ರಾಯ್ಡ್ 8ರಿಂದ ಈಚೆಗೆ ಪ್ರತಿ ಆಪ್ ತನ್ನ ನೋಟಿಫಿಕೇಶನ್‌ಗಳನ್ನು ಕೆಟಗರಿಗಳಾಗಿ ಹಂಚುತ್ತದೆ. ಊಟ ತರಿಸುವ ಆಪ್‌ನಲ್ಲಿ ಆರ್ಡರ್ ಎಲ್ಲಿಗೆ ಬಂತು ಎಂಬುದು ಒಂದು ಕೆಟಗರಿ, "ಹಸಿವಾಗುತ್ತಿದೆಯೇ?" ಎಂಬ ಆಫರ್ ಇನ್ನೊಂದು. ಮೊದಲನೆಯದು ಬೇಕು, ಎರಡನೆಯದು ಬೇಡ. ಆಪ್ ಪೂರ್ತಿ ಆಫ್ ಮಾಡಿದರೆ ಎರಡೂ ಹೋಗುತ್ತವೆ.

ಸುಲಭದ ದಾರಿ. ಕಾಡುವ ನೋಟಿಫಿಕೇಶನ್ ಬಂದಾಗ ಅದನ್ನು ಒರೆಸಬೇಡಿ. ಅದರ ಮೇಲೆ ಬೆರಳು ಒತ್ತಿ ಹಿಡಿಯಿರಿ. "ಡೀಫಾಲ್ಟ್" ಮತ್ತು "ಸೈಲೆಂಟ್" ಎಂಬ ಎರಡು ಆಯ್ಕೆ ಬರುತ್ತವೆ. ಸೈಲೆಂಟ್ ಒತ್ತಿ "ಅಪ್ಲೈ" ಅಥವಾ "ಡನ್" ಮಾಡಿ. ಆ ಕೆಟಗರಿ ಇನ್ನು ಮುಂದೆ ಸದ್ದು ಮಾಡುವುದಿಲ್ಲ, ವೈಬ್ರೇಟ್ ಆಗುವುದಿಲ್ಲ. ಪರದೆ ಕೆಳಗೆಳೆದರೆ ಕೆಳಭಾಗದಲ್ಲಿ ಸುಮ್ಮನೆ ಕೂತಿರುತ್ತದೆ.

ಪೂರ್ತಿ ದಾರಿ. ಸೆಟ್ಟಿಂಗ್ಸ್ > ಆಪ್ಸ್ > ಆ ಆಪ್ > ನೋಟಿಫಿಕೇಶನ್ಸ್. ಅಲ್ಲಿ ಕೆಟಗರಿಗಳ ಪಟ್ಟಿ ಇರುತ್ತದೆ. ಪ್ರಮೋಷನ್ಸ್, ಆಫರ್ಸ್, ರೆಕಮೆಂಡೇಶನ್ಸ್, ಟ್ರೆಂಡಿಂಗ್ ಎಂಬ ಹೆಸರಿನವು ಕಂಡರೆ ಯೋಚನೆ ಬೇಡ, ಆಫ್ ಮಾಡಿ. ಆರ್ಡರ್, ಟ್ರಾನ್ಸಾಕ್ಷನ್, ರೈಡ್, ಸೆಕ್ಯುರಿಟಿ ಎಂದಿದ್ದರೆ ಡೀಫಾಲ್ಟ್‌ನಲ್ಲೇ ಬಿಡಿ. ನಡುವಿನವೆಲ್ಲ ಸೈಲೆಂಟ್. ಹೆಸರು ನೋಡಿ ಅರ್ಥವಾಗದಿದ್ದರೂ ಸೈಲೆಂಟ್ ಮಾಡಿ, ಆಫ್ ಬೇಡ. ಏನಾದರೂ ಬೇಕಾದದ್ದೇ ಆಗಿದ್ದರೆ ನಾಲ್ಕು ದಿನದಲ್ಲಿ ನಿಮಗೇ ಕಾಣುತ್ತದೆ.

ಸ್ಯಾಮ್‌ಸಂಗ್ ಇದ್ದವರು ಇಲ್ಲೇ ಸಿಕ್ಕಿಹಾಕಿಕೊಳ್ಳುತ್ತಾರೆ. ಹೊಸ ಸ್ಯಾಮ್‌ಸಂಗ್ ಫೋನ್‌ಗಳಲ್ಲಿ ಕೆಟಗರಿ ಪಟ್ಟಿ ಕಾಣುವುದೇ ಇಲ್ಲ, ಆನ್ ಆಫ್ ಬಟನ್ ಮಾತ್ರ ಇರುತ್ತದೆ. ಪಟ್ಟಿ ಇಲ್ಲ ಎಂದಲ್ಲ, ಮುಚ್ಚಿಟ್ಟಿದ್ದಾರೆ ಅಷ್ಟೇ. ಸೆಟ್ಟಿಂಗ್ಸ್ > ನೋಟಿಫಿಕೇಶನ್ಸ್ > ಅಡ್ವಾನ್ಸ್ಡ್ ಸೆಟ್ಟಿಂಗ್ಸ್ ಒಳಗೆ "ಮ್ಯಾನೇಜ್ ನೋಟಿಫಿಕೇಶನ್ ಕೆಟಗರೀಸ್ ಫಾರ್ ಈಚ್ ಆಪ್" ಎಂಬುದನ್ನು ಆನ್ ಮಾಡಿ. ಆಮೇಲೆ ಆಪ್‌ಗೆ ವಾಪಸ್ ಹೋದರೆ ಎಲ್ಲವೂ ಕಾಣುತ್ತದೆ.

ಕೆಲವು ಆಪ್‌ಗಳು ಮೋಸ ಮಾಡುತ್ತವೆ. ಆಫರನ್ನೂ ಆರ್ಡರ್ ವಿವರವನ್ನೂ ಒಂದೇ ಕೆಟಗರಿಯಲ್ಲಿ ಕಳಿಸುತ್ತವೆ. ಆಗ ಆಪ್ ತೆರೆದು ಅದರದ್ದೇ ಸೆಟ್ಟಿಂಗ್ಸ್ ನೋಡಿ, ಅಲ್ಲಿ ಪ್ರಮೋಷನ್ ನಿಲ್ಲಿಸುವ ಆಯ್ಕೆ ಇದ್ದರೂ ಇರಬಹುದು. ಅಲ್ಲೂ ಇಲ್ಲದಿದ್ದರೆ ಇಡೀ ಆಪ್ ಸೈಲೆಂಟ್‌ಗೆ ಹಾಕಿ. ಊಟ ಆರ್ಡರ್ ಮಾಡಿದ ದಿನ ನೀವೇ ತೆರೆದು ನೋಡುತ್ತೀರಿ, ಅಲ್ವಾ? ಬ್ಯಾಂಕ್ ಮತ್ತು ಯುಪಿಐ ಆಪ್‌ಗಳಿಗೆ ಮಾತ್ರ ಹೀಗೆ ಮಾಡಬೇಡಿ. ಅವು ಆಫರ್ ಕಳಿಸಿ ಕಾಡಿದರೂ ಹಣದ ವಿಷಯ ಸದ್ದು ಮಾಡುತ್ತಲೇ ಇರಲಿ.

ಎರಡು ಆಪ್‌ಗಳಿಗೆ ಒಳಗೇ ಒಳ್ಳೆಯ ವ್ಯವಸ್ಥೆ ಇದೆ. ಜಿಮೇಲ್‌ನಲ್ಲಿ ನಿಮ್ಮ ಖಾತೆಯ ಸೆಟ್ಟಿಂಗ್ಸ್‌ಗೆ ಹೋಗಿ ನೋಟಿಫಿಕೇಶನ್ ಅನ್ನು "ಆಲ್" ಬದಲು "ಹೈ ಪ್ರಯಾರಿಟಿ ಓನ್ಲಿ" ಮಾಡಿ. ಯೂಟ್ಯೂಬ್‌ನಲ್ಲಿ "ಶೆಡ್ಯೂಲ್ಡ್ ಡೈಜೆಸ್ಟ್" ಆನ್ ಮಾಡಿದರೆ ಇಡೀ ದಿನದ್ದೆಲ್ಲ ಸೇರಿ ನೀವು ಹೇಳಿದ ಹೊತ್ತಿಗೆ ಒಂದೇ ಸಲ ಬರುತ್ತದೆ.

ಮುಟ್ಟಬಾರದವು. ಫೋನ್ ಆಪ್‌ನ ಇನ್‌ಕಮಿಂಗ್ ಕಾಲ್ಸ್, ಗಡಿಯಾರದ ಅಲಾರ್ಮ್, ಮಾತ್ರೆ ನೆನಪಿಸುವ ಆಪ್, ಕ್ಯಾಲೆಂಡರ್. ವಿಪತ್ತಿನ ಎಚ್ಚರಿಕೆಗಾಗಿ ಇರುವ "ವೈರ್‌ಲೆಸ್ ಎಮರ್ಜೆನ್ಸಿ ಅಲರ್ಟ್ಸ್" ಕೂಡ ಹಾಗೇ ಇರಲಿ. ಅದರ ಸದ್ದು ಕೇಳಿ ಬೆಚ್ಚಿಬಿದ್ದು ಆಫ್ ಮಾಡಿದವರಿದ್ದಾರೆ. ನೆರೆ ಬರುವ ಕಡೆ, ಗುಡ್ಡ ಕುಸಿಯುವ ಕಡೆ ಇರುವವರಂತೂ ಅದನ್ನು ಖಂಡಿತ ಮುಟ್ಟಬಾರದು.

## ಹಂತ 4: ವಾಟ್ಸಾಪ್‌ಗೆ ಪ್ರತ್ಯೇಕ ಕೆಲಸ

ವಾಟ್ಸಾಪ್ ಅನ್ನು ಫೋನ್ ಸೆಟ್ಟಿಂಗ್ಸ್‌ನಿಂದ ಸೈಲೆಂಟ್ ಮಾಡಬೇಡಿ. ಅಮ್ಮನ ಸಂದೇಶ, ಅಪಾರ್ಟ್‌ಮೆಂಟ್ ಗುಂಪಿನ ನೂರಾ ಎಂಟು ಗುಡ್ ಮಾರ್ನಿಂಗ್ ಎರಡೂ ಒಂದೇ ತಕ್ಕಡಿಗೆ ಬೀಳುತ್ತವೆ. ವಾಟ್ಸಾಪ್ ಒಳಗಿನಿಂದ ಮಾಡಿ. ಈ ಹಂತದಲ್ಲಿ ಸೆಟ್ಟಿಂಗ್ಸ್ ಎಂದರೆ ವಾಟ್ಸಾಪ್‌ನದೇ ಸೆಟ್ಟಿಂಗ್ಸ್.

ಮೊದಲು ಗುಂಪುಗಳು. ಗುಂಪು ತೆರೆದು ಮೇಲಿನ ಮೂರು ಚುಕ್ಕಿ ಒತ್ತಿ "ಮ್ಯೂಟ್ ನೋಟಿಫಿಕೇಶನ್ಸ್". 8 ಗಂಟೆ, 1 ವಾರ, ಯಾವಾಗಲೂ ಎಂಬ ಮೂರು ಆಯ್ಕೆ ಇರುತ್ತವೆ. ಬಹಳ ಜನ 8 ಗಂಟೆ ಒತ್ತಿ, ನಾಳೆ ಮತ್ತೆ ಸದ್ದು ಬಂದಾಗ "ಇದು ಕೆಲಸ ಮಾಡಲ್ಲ" ಎನ್ನುತ್ತಾರೆ. "ಆಲ್‌ವೇಸ್" ಒತ್ತಿ. ಗುಂಪಿನವರಿಗೆ ನೀವು ಮ್ಯೂಟ್ ಮಾಡಿದ್ದು ಗೊತ್ತಾಗುವುದಿಲ್ಲ. ಯಾರಾದರೂ ನಿಮ್ಮನ್ನು ಹೆಸರಿಸಿ ಕರೆದರೆ ಅಥವಾ ನಿಮ್ಮ ಮಾತಿಗೆ ಉತ್ತರಿಸಿದರೆ ನೋಟಿಫಿಕೇಶನ್ ಬರುತ್ತದೆ. ಹಾಗಾಗಿ ನೆಂಟರ ಗುಂಪನ್ನು ಮ್ಯೂಟ್ ಮಾಡಲು ಸಂಕೋಚ ಬೇಡ.

ವಾರಕ್ಕೊಮ್ಮೆ ನೋಡಿದರೆ ಸಾಕಾಗುವ ಗುಂಪುಗಳನ್ನು ಆರ್ಕೈವ್ ಮಾಡಿ. ಸೆಟ್ಟಿಂಗ್ಸ್ > ಚಾಟ್ಸ್ ಒಳಗೆ "ಕೀಪ್ ಚಾಟ್ಸ್ ಆರ್ಕೈವ್ಡ್" ಆನ್ ಇದೆಯೇ ನೋಡಿ. ಇಲ್ಲದಿದ್ದರೆ ಒಂದು ಹೊಸ ಸಂದೇಶ ಬಂದ ಕೂಡಲೇ ಆ ಗುಂಪು ಮತ್ತೆ ಮೇಲೆ ಬಂದು ಕೂರುತ್ತದೆ.

ನಂತರ ಸೆಟ್ಟಿಂಗ್ಸ್ > ನೋಟಿಫಿಕೇಶನ್ಸ್. ಇಲ್ಲಿ ಮೂರು ಕೆಲಸ. "ಕಾನ್ವರ್ಸೇಶನ್ ಟೋನ್ಸ್" ಆಫ್ ಮಾಡಿ, ಚಾಟ್ ತೆರೆದಿದ್ದಾಗ ಬರುವ ಸದ್ದು ನಿಲ್ಲುತ್ತದೆ. "ರಿಯಾಕ್ಷನ್ ನೋಟಿಫಿಕೇಶನ್ಸ್" ಆಫ್ ಮಾಡಿ, ಯಾರೋ ಹೆಬ್ಬೆರಳು ಎತ್ತಿದ್ದಕ್ಕೆಲ್ಲ ಫೋನ್ ಅಲುಗುವುದಿಲ್ಲ. ಗುಂಪುಗಳ ಕೆಳಗಿರುವ "ಯೂಸ್ ಹೈ ಪ್ರಯಾರಿಟಿ ನೋಟಿಫಿಕೇಶನ್ಸ್" ಆಫ್ ಮಾಡಿದರೆ, ಏನನ್ನೋ ಓದುತ್ತಿರುವಾಗ ಮೇಲಿನಿಂದ ಇಳಿಯುವ ಪಟ್ಟಿ ನಿಲ್ಲುತ್ತದೆ.

ಅಪರಿಚಿತ ವಿದೇಶಿ ನಂಬರುಗಳಿಂದ ವಾಟ್ಸಾಪ್ ಕರೆ ಬರುತ್ತಿದ್ದರೆ ಸೆಟ್ಟಿಂಗ್ಸ್ > ಪ್ರೈವಸಿ > ಕಾಲ್ಸ್ ಒಳಗೆ "ಸೈಲೆನ್ಸ್ ಅನ್‌ನೋನ್ ಕಾಲರ್ಸ್" ಆನ್ ಮಾಡಿ. ಕರೆ ರಿಂಗ್ ಆಗುವುದಿಲ್ಲ, ಆದರೆ ಪಟ್ಟಿಯಲ್ಲಿ ಉಳಿದಿರುತ್ತದೆ.

## ಹಂತ 5: ಎಸ್ಸೆಮ್ಮೆಸ್ ಮತ್ತು ಕ್ರೋಮ್

ಎಸ್ಸೆಮ್ಮೆಸ್ ಆಪ್ ಅನ್ನು ಯಾವತ್ತೂ ಪೂರ್ತಿ ಸೈಲೆಂಟ್ ಮಾಡಬೇಡಿ. ಓಟಿಪಿಯೂ ಬ್ಯಾಂಕ್ ಕಡಿತವೂ ಅಲ್ಲೇ ಬರುವುದು. ಜಾಹೀರಾತನ್ನು ಮೂಲದಲ್ಲೇ ನಿಲ್ಲಿಸಿ. ಇಂಗ್ಲಿಷ್ ಅಕ್ಷರದಲ್ಲಿ ಸ್ಟಾರ್ಟ್ ಎಂದು ಬರೆದು, ಜಾಗ ಬಿಟ್ಟು ಸೊನ್ನೆ ಹಾಕಿ 1909ಕ್ಕೆ ಎಸ್ಸೆಮ್ಮೆಸ್ ಕಳಿಸಿ. ಅದೇ ನಂಬರಿಗೆ ಕರೆ ಮಾಡಿಯೂ ನೋಂದಾಯಿಸಬಹುದು. ಇದು ದೂರಸಂಪರ್ಕ ನಿಯಂತ್ರಣ ಸಂಸ್ಥೆ ಟ್ರಾಯ್‌ನ ನಿಯಮದಡಿ ಎಲ್ಲ ಮೊಬೈಲ್ ಕಂಪನಿಗಳಿಗೂ ಇರುವ ವ್ಯವಸ್ಥೆ. ಜಾರಿಗೆ ಬರಲು ಕೆಲವು ದಿನ ಬೇಕು. ಓಟಿಪಿ, ಬ್ಯಾಂಕ್ ಸಂದೇಶ ಇದರಿಂದ ನಿಲ್ಲುವುದಿಲ್ಲ. ಎರಡು ಸಿಮ್ ಇದ್ದರೆ ಎರಡರಿಂದಲೂ ಕಳಿಸಬೇಕು, ಇದನ್ನು ಮರೆಯುವವರು ಜಾಸ್ತಿ.

ಇನ್ನೊಂದು ಕಾಟ ಕ್ರೋಮ್‌ನಿಂದ. "ನಿಮ್ಮ ಫೋನ್‌ಗೆ ವೈರಸ್ ಬಂದಿದೆ", "ನೀವು ಬಹುಮಾನ ಗೆದ್ದಿದ್ದೀರಿ" ಎಂದು ಬರುತ್ತಿದ್ದರೆ ಬಹುತೇಕ ಅದು ವೈರಸ್ ಅಲ್ಲ. ಯಾವುದೋ ವೆಬ್‌ಸೈಟ್ ಕೇಳಿದಾಗ "ಅಲೋ" ಒತ್ತಿಬಿಟ್ಟಿರುತ್ತೀರಿ. ಕ್ರೋಮ್ ತೆರೆದು ಸೆಟ್ಟಿಂಗ್ಸ್ > ಸೈಟ್ ಸೆಟ್ಟಿಂಗ್ಸ್ > ನೋಟಿಫಿಕೇಶನ್ಸ್‌ಗೆ ಹೋಗಿ. ಗುರುತು ಸಿಗದ ಸೈಟ್‌ಗಳನ್ನೆಲ್ಲ ಬ್ಲಾಕ್ ಮಾಡಿ. ಮೇಲಿರುವ ಬಟನ್ ಆಫ್ ಮಾಡಿದರೆ ಇನ್ನು ಮುಂದೆ ಯಾವ ಸೈಟೂ ಕೇಳುವುದಿಲ್ಲ. ವಯಸ್ಸಾದವರ ಫೋನ್ ಸರಿ ಮಾಡಿಕೊಡುತ್ತಿದ್ದರೆ ಮೊದಲು ನೋಡಬೇಕಾದದ್ದು ಇದನ್ನೇ. ಅಂಥ ಸಂದೇಶ ಒತ್ತಿ ಹಣ ಕಳೆದುಕೊಳ್ಳುವ ಅಪಾಯ ಅವರಿಗೇ ಹೆಚ್ಚು.

## ಹಂತ 6: ಸದ್ದಿಲ್ಲದವು ಕಣ್ಣಿಗೂ ಬೀಳದಿರಲಿ

ಸದ್ದು ನಿಂತರೂ ಮೇಲಿನ ಪಟ್ಟಿಯ ಐಕಾನ್ ಕಂಡರೆ ಕೈ ಹೋಗಿಯೇ ಹೋಗುತ್ತದೆ. ಸೆಟ್ಟಿಂಗ್ಸ್ > ನೋಟಿಫಿಕೇಶನ್ಸ್ ಒಳಗೆ "ಹೈಡ್ ಸೈಲೆಂಟ್ ನೋಟಿಫಿಕೇಶನ್ಸ್ ಇನ್ ಸ್ಟೇಟಸ್ ಬಾರ್" ಆನ್ ಮಾಡಿ. ಅಲ್ಲೇ ಲಾಕ್ ಸ್ಕ್ರೀನ್ ಆಯ್ಕೆಯಲ್ಲಿ ಸೈಲೆಂಟ್ ಆದವನ್ನು ತೋರಿಸಬೇಡ ಎಂಬುದನ್ನು ಆರಿಸಿ. ಆಪ್ ಮೇಲೆ ಬರುವ ಕೆಂಪು ಚುಕ್ಕಿ ಅಥವಾ ಅಂಕಿ ಕಾಡಿದರೆ "ನೋಟಿಫಿಕೇಶನ್ ಡಾಟ್" ಅಥವಾ "ಆಪ್ ಐಕಾನ್ ಬ್ಯಾಡ್ಜಸ್" ಆಫ್ ಮಾಡಬಹುದು.

## ಹಂತ 7: ರಾತ್ರಿಗೆ ಡು ನಾಟ್ ಡಿಸ್ಟರ್ಬ್

ಇಷ್ಟೂ ಆದ ಮೇಲೆ ಇದು. ಹಗಲಿಗೆ ಡು ನಾಟ್ ಡಿಸ್ಟರ್ಬ್ ಸರಿಹೋಗುವುದಿಲ್ಲ. ಕೊರಿಯರ್‌ನವರು, ಆಟೋ ಡ್ರೈವರ್, ಗ್ಯಾಸ್ ತರುವವರು ಕರೆ ಮಾಡುವುದು ಗುರುತಿಲ್ಲದ ನಂಬರಿನಿಂದ. ಅವರ ಕರೆಯೆಲ್ಲ ತಪ್ಪುತ್ತದೆ. ಹಗಲಿನ ಗಲಾಟೆಗೆ ಹಂತ 3 ಮತ್ತು 4 ಸಾಕು.

ಮೊದಲು ಕಾಂಟ್ಯಾಕ್ಟ್ಸ್‌ನಲ್ಲಿ, ಹಂತ 1ರ ಪಟ್ಟಿಯಲ್ಲಿ ಇರುವವರಿಗೆ ನಕ್ಷತ್ರ ಹಾಕಿ. ನಂತರ ಸೆಟ್ಟಿಂಗ್ಸ್‌ನಲ್ಲಿ ಡು ನಾಟ್ ಡಿಸ್ಟರ್ಬ್ ತೆರೆದು, ಕರೆಗಳಿಗೆ "ಸ್ಟಾರ್ಡ್ ಕಾಂಟ್ಯಾಕ್ಟ್ಸ್" ಅಥವಾ "ಫೇವರಿಟ್ಸ್" ಎಂದು ಆರಿಸಿ. "ರಿಪೀಟ್ ಕಾಲರ್ಸ್" ಆನ್ ಮಾಡಿ. ಒಬ್ಬರೇ 15 ನಿಮಿಷದೊಳಗೆ ಎರಡನೇ ಸಲ ಕರೆ ಮಾಡಿದರೆ ಆ ಕರೆ ರಿಂಗ್ ಆಗುತ್ತದೆ. ಈ ವಿಷಯ ಮನೆಯವರಿಗೆಲ್ಲ ಹೇಳಿಡಿ: "ತುರ್ತು ಇದ್ದರೆ ಒಂದೇ ನಂಬರಿನಿಂದ ಬೆನ್ನು ಬೆನ್ನಿಗೆ ಎರಡು ಸಲ ಮಾಡಿ."

"ಅಲಾರ್ಮ್ಸ್" ಆನ್ ಇರುವುದನ್ನು ಕಣ್ಣಾರೆ ನೋಡಿ. ಅದು ಆಫ್ ಆಗಿದ್ದರೆ ಬೆಳಗಿನ ಅಲಾರ್ಮ್ ಹೊಡೆಯುವುದಿಲ್ಲ. ಕೊನೆಗೆ ಶೆಡ್ಯೂಲ್ ಹಾಕಿ, ಉದಾಹರಣೆಗೆ ರಾತ್ರಿ 10:30ರಿಂದ ಬೆಳಿಗ್ಗೆ 6. ಕೈಯಾರೆ ಆನ್ ಮಾಡುವ ಅಭ್ಯಾಸ ಬೇಡ, ಬೆಳಿಗ್ಗೆ ತೆಗೆಯಲು ಮರೆತುಹೋಗುತ್ತದೆ.

ಮಗ ಅಥವಾ ಮಗಳು ಅಮೆರಿಕದಲ್ಲೋ ದುಬೈನಲ್ಲೋ ಇದ್ದು ವಾಟ್ಸಾಪ್‌ನಲ್ಲೇ ಕರೆ ಮಾಡುತ್ತಾರಾ? ನಕ್ಷತ್ರ ಹಾಕಿದ್ದು ವಾಟ್ಸಾಪ್ ಕರೆಗೆ ಕೆಲಸ ಮಾಡುತ್ತದೆ ಎಂದು ನಂಬಿ ಕೂರಬೇಡಿ. ಫೋನ್ ಸೆಟ್ಟಿಂಗ್ಸ್‌ನಲ್ಲಿ ವಾಟ್ಸಾಪ್‌ನ ಕೆಟಗರಿ ಪಟ್ಟಿ ತೆರೆದು, ಕರೆಗೆ ಸಂಬಂಧಿಸಿದ ಕೆಟಗರಿಯಲ್ಲಿ "ಓವರ್‌ರೈಡ್ ಡು ನಾಟ್ ಡಿಸ್ಟರ್ಬ್" ಇದ್ದರೆ ಆನ್ ಮಾಡಿ. ಸಿಗದಿದ್ದರೆ, ತುರ್ತಿಗೆ ಮಾಮೂಲಿ ಕರೆಯನ್ನೇ ಮಾಡುವಂತೆ ಅವರಿಗೆ ಹೇಳಿ.

## ಹಂತ 8: ಪರೀಕ್ಷೆ ಮಾಡಿ

ಇದನ್ನು ಮಾಡದೆ ಮಲಗಬೇಡಿ. ಡು ನಾಟ್ ಡಿಸ್ಟರ್ಬ್ ಆನ್ ಮಾಡಿ, ನಕ್ಷತ್ರ ಹಾಕಿದ ನಂಬರಿನಿಂದ ಕರೆ ಮಾಡಿಸಿ. ರಿಂಗ್ ಆಗಬೇಕು. ನಕ್ಷತ್ರವಿಲ್ಲದ ನಂಬರಿನಿಂದ ಒಮ್ಮೆ ಮಾಡಿಸಿ, ರಿಂಗ್ ಆಗಬಾರದು. ಅದೇ ನಂಬರಿನಿಂದ ತಕ್ಷಣ ಮತ್ತೊಮ್ಮೆ ಮಾಡಿಸಿ, ಈಗ ಆಗಬೇಕು. ಎರಡು ನಿಮಿಷ ಮುಂದಕ್ಕೆ ಅಲಾರ್ಮ್ ಇಟ್ಟು ಕೇಳಿಸಿಕೊಳ್ಳಿ. ಡು ನಾಟ್ ಡಿಸ್ಟರ್ಬ್ ತೆಗೆದ ಮೇಲೆ ಯುಪಿಐನಿಂದ ಯಾರಿಗಾದರೂ ಹಣ ಕಳಿಸಿ, ಬ್ಯಾಂಕ್ ಸಂದೇಶ ಸದ್ದು ಮಾಡುತ್ತದೆಯೇ ನೋಡಿ.

## ಎಚ್ಚರಿಕೆಯ ಲಕ್ಷಣಗಳು ಮತ್ತು ಪರಿಹಾರ

ಸೈಲೆಂಟ್ ಮಾಡಿದ ಆಪ್ ಮತ್ತೆ ಸದ್ದು ಮಾಡುತ್ತಿದೆ. ಆಪ್ ಅಪ್‌ಡೇಟ್ ಆದಾಗ ಹೊಸ ಕೆಟಗರಿ ಸೇರಿಸಿರಬಹುದು. ಆ ನೋಟಿಫಿಕೇಶನ್ ಒತ್ತಿ ಹಿಡಿದು ಮತ್ತೆ ಸೈಲೆಂಟ್ ಮಾಡಿ. ಆಪ್ ತೆಗೆದು ಮತ್ತೆ ಹಾಕಿಕೊಂಡರೂ ಹಳೆಯ ಸೆಟ್ಟಿಂಗ್ ಉಳಿಯುವುದಿಲ್ಲ.

ಬೇಕಾದ ಸಂದೇಶ ತಡವಾಗಿ, ಆಪ್ ತೆರೆದ ಮೇಲೆ ಒಟ್ಟಿಗೆ ಬರುತ್ತಿದೆ. ಇದು ಸೈಲೆಂಟ್ ಸಮಸ್ಯೆ ಅಲ್ಲ, ಬ್ಯಾಟರಿ ಉಳಿಸುವ ವ್ಯವಸ್ಥೆ ಆ ಆಪ್ ಅನ್ನು ಮಲಗಿಸಿದೆ. ಸೆಟ್ಟಿಂಗ್ಸ್ > ಆಪ್ಸ್ > ಆ ಆಪ್ > ಬ್ಯಾಟರಿ ಒಳಗೆ "ಅನ್‌ರಿಸ್ಟ್ರಿಕ್ಟೆಡ್" ಅಥವಾ "ನೋ ರಿಸ್ಟ್ರಿಕ್ಷನ್ಸ್" ಮಾಡಿ. ರೆಡ್ಮಿ, ಪೋಕೋ ಫೋನ್‌ಗಳಲ್ಲಿ "ಆಟೋಸ್ಟಾರ್ಟ್" ಕೂಡ ಆನ್ ಮಾಡಬೇಕು.

ಫೋನ್ ಸುಮ್ಮನಿದೆ, ಕೈಗಡಿಯಾರ ನಡುಗುತ್ತಿದೆ. ಸ್ಮಾರ್ಟ್ ವಾಚ್, ಬ್ಯಾಂಡ್‌ಗಳಿಗೆ ತಮ್ಮದೇ ಆಪ್‌ನಲ್ಲಿ ಬೇರೆ ಪಟ್ಟಿ ಇರುತ್ತದೆ. ಅಲ್ಲಿ ಕರೆ, ಎಸ್ಸೆಮ್ಮೆಸ್ ಬಿಟ್ಟು ಉಳಿದದ್ದನ್ನು ತೆಗೆಯಿರಿ.

ಕರೆಯ ಸದ್ದೂ ಕಡಿಮೆಯಾಗಿದೆ. ವಾಲ್ಯೂಮ್ ಬಟನ್ ಒತ್ತಿ ಬರುವ ಪಟ್ಟಿಯನ್ನು ದೊಡ್ಡದು ಮಾಡಿ ನೋಡಿ. ಸ್ಯಾಮ್‌ಸಂಗ್‌ನಲ್ಲೂ ಹೊಸ ಆಂಡ್ರಾಯ್ಡ್‌ನಲ್ಲೂ ರಿಂಗ್‌ಟೋನ್ ಮತ್ತು ನೋಟಿಫಿಕೇಶನ್‌ಗೆ ಬೇರೆ ಬೇರೆ ಗೆರೆ ಇರುತ್ತದೆ. ರಿಂಗ್ ಪೂರ್ತಿ ಮೇಲಿರಲಿ.

ಸದ್ದಿಲ್ಲ, ಆದರೂ ಐದು ನಿಮಿಷಕ್ಕೊಮ್ಮೆ ಫೋನ್ ತೆರೆಯುತ್ತಿದ್ದೀರಿ. ಏನೋ ತಪ್ಪುತ್ತಿದೆ ಎಂಬ ಅಂಜಿಕೆ ಇದು. ಪರೀಕ್ಷೆಯ ಹಂತ ಮಾಡದವರಲ್ಲಿ ಜಾಸ್ತಿ. ಮತ್ತೊಮ್ಮೆ ಪರೀಕ್ಷೆ ಮಾಡಿ, ಬೇಕಾದದ್ದು ಸದ್ದು ಮಾಡುತ್ತದೆ ಎಂದು ಕಿವಿಯಾರೆ ಕೇಳಿ. ಉಳಿದದ್ದನ್ನು ನೋಡಲು ದಿನಕ್ಕೆ ಮೂರು ಹೊತ್ತು ಗೊತ್ತು ಮಾಡಿಕೊಳ್ಳಿ.

## ಐಫೋನ್ ಇದ್ದವರಿಗೆ

ಆಂಡ್ರಾಯ್ಡ್‌ನಂತೆ ಕೆಟಗರಿಗಳ ಪಟ್ಟಿ ಇಲ್ಲಿ ಇಲ್ಲ. ಸೆಟ್ಟಿಂಗ್ಸ್ > ನೋಟಿಫಿಕೇಶನ್ಸ್‌ನಲ್ಲಿ ಆಪ್ ಆರಿಸಿ "ಸೌಂಡ್ಸ್" ಆಫ್ ಮಾಡಿ, ಲಾಕ್ ಸ್ಕ್ರೀನ್ ಮತ್ತು ಬ್ಯಾನರ್ ತೆಗೆದು "ನೋಟಿಫಿಕೇಶನ್ ಸೆಂಟರ್" ಮಾತ್ರ ಉಳಿಸಿದರೆ ಸೈಲೆಂಟ್ ಆದಂತೆಯೇ. ಆಫರ್ ಕಳಿಸುವ ಆಪ್‌ಗಳನ್ನೆಲ್ಲ "ಶೆಡ್ಯೂಲ್ಡ್ ಸಮ್ಮರಿ"ಗೆ ಸೇರಿಸಿ, ನೀವು ಹೇಳಿದ ಹೊತ್ತಿಗೆ ಕಂತೆಯಾಗಿ ಬರುತ್ತವೆ. ರಾತ್ರಿಗೆ "ಫೋಕಸ್" ಒಳಗೆ ಸ್ಲೀಪ್ ಅಥವಾ ಡು ನಾಟ್ ಡಿಸ್ಟರ್ಬ್ ಹಾಕಿ, ಯಾರ ಕರೆ ಬರಬೇಕು ಎಂದು ಆರಿಸಿ. ವಯಸ್ಸಾದ ಅಪ್ಪ ಅಮ್ಮನ ಕರೆ ಯಾವ ಸ್ಥಿತಿಯಲ್ಲೂ ಕೇಳಬೇಕಾದರೆ, ಅವರ ಕಾಂಟ್ಯಾಕ್ಟ್ ತೆರೆದು ಎಡಿಟ್ ಒತ್ತಿ, ರಿಂಗ್‌ಟೋನ್ ಒಳಗೆ "ಎಮರ್ಜೆನ್ಸಿ ಬೈಪಾಸ್" ಆನ್ ಮಾಡಿ. ಫೋನ್ ಸೈಲೆಂಟ್‌ನಲ್ಲಿದ್ದರೂ ಅವರ ಕರೆ ರಿಂಗ್ ಆಗುತ್ತದೆ.

## ಮುಂದೆ ಹೊಸ ಆಪ್ ಹಾಕುವಾಗ

ಆಂಡ್ರಾಯ್ಡ್ 13ರಿಂದ ಈಚೆಗೆ ಹೊಸ ಆಪ್ ನೋಟಿಫಿಕೇಶನ್ ಕಳಿಸುವ ಮೊದಲು ಅನುಮತಿ ಕೇಳಬೇಕು. ಹಂತ 1ರ ಪಟ್ಟಿಗೆ ಸೇರದ ಆಪ್ ಆಗಿದ್ದರೆ "ಡೋಂಟ್ ಅಲೋ" ಒತ್ತಿ. ಬೇಕೆನಿಸಿದರೆ ಆಮೇಲೆ ಸೆಟ್ಟಿಂಗ್ಸ್‌ನಲ್ಲಿ ಕೊಡಬಹುದು. ಹೊಸ ಫೋನ್ ತಗೊಂಡಾಗ ಹಳೆಯ ಸೆಟ್ಟಿಂಗ್ಸ್ ಎಲ್ಲ ತಾವಾಗಿ ಬಂದಿವೆ ಎಂದುಕೊಳ್ಳಬೇಡಿ. ಹಂತ 3ರಿಂದ 8ರವರೆಗೆ ಮತ್ತೊಮ್ಮೆ ಮಾಡಿ. ಹಾಳೆಯ ಪಟ್ಟಿಯನ್ನು ಎಸೆಯದೆ ಇಟ್ಟುಕೊಂಡಿದ್ದರೆ ಆ ಕೆಲಸ ಬೇಗ ಮುಗಿಯುತ್ತದೆ.